ತೋವಿನಕೆರೆಗೊಬ್ಬ ಹಿಟ್ಲರ್ ಬೇಕಂತೆ

ಇಸ್ರೇಲ್ ಅಂದರೆ ಡ್ರಿಪ್ ಪೈಪು. ಹಿಟ್ಲರ್ ಅಂದರೆ ಹೆಡ್‌ಮೇಷ್ಟ್ರು. ಕೊರಟಗೆರೆ ತಾಲ್ಲೂಕಿನ ತೋವಿನಕೆರೆಯಲ್ಲಿ ಈ ಎರಡು ಸಂಗತಿ ಯಾರನ್ನು ಕೇಳಿದರೂ ಹೇಳಿಯಾರು. ಎರಡರ ನಡುವೆ ಅರವತ್ತು ಲಕ್ಷ ಯಹೂದಿಗಳು ಸತ್ತರು ಅನ್ನುವುದು ಮಾತ್ರ ಯಾರ ಬಾಯಲ್ಲೂ ಬರುವುದಿಲ್ಲ. ಅರವತ್ತು ಲಕ್ಷ ಎಂದರೆ ಎಷ್ಟು ಎಂದು ಅಂದಾಜಿಗೆ ಸಿಗದವರು ತುಮಕೂರು ಜಿಲ್ಲೆಯನ್ನೇ ನೆನೆಸಿಕೊಳ್ಳಲಿ. 2011ರ ಜನಗಣತಿಯಲ್ಲಿ ಹತ್ತು ತಾಲ್ಲೂಕು ಸೇರಿಸಿದರೂ ಜಿಲ್ಲೆಯ ಜನ 27 ಲಕ್ಷ ಮುಟ್ಟಲಿಲ್ಲ. ಅಂಥ ಎರಡು ಜಿಲ್ಲೆ ಖಾಲಿ ಮಾಡಿ ಮೂರನೆಯದಕ್ಕೂ ಕೈ ಹಾಕಿದ ಲೆಕ್ಕ ಅದು.

ತೋವಿನಕೆರೆಯನ್ನೊಂದನ್ನೇ ದೂರುವುದು ಅನ್ಯಾಯ. ಮಧುಗಿರಿ, ಶಿರಾ, ಪಾವಗಡ, ಎಲ್ಲಿ ಟೀ ಕುಡಿಯಲು ನಿಂತರೂ ಇದೇ ಮಾತು ಕಿವಿಗೆ ಬೀಳುತ್ತದೆ:

“ಈ ದೇಶ ರಿಪೇರಿ ಆಗ್ಬೇಕು ಅಂದ್ರೆ ಒಬ್ಬ ಹಿಟ್ಲರ್ ಬರ್ಬೇಕು ಕಣಣ್ಣ.”

“ಬರ್ಬೇಕು ಬಿಡಪ್ಪ. ಬಂದು ಒಂದೈದು ವರ್ಷ ಎಲ್ರನ್ನೂ ನೆಟ್ಟಗೆ ಮಾಡ್ಬೇಕು.”

ಹೀಗೆ ಹೇಳಿದ ಮಹಾನುಭಾವರು ಹೆಲ್ಮೆಟ್ ಇಲ್ಲದೆ ಮೂವರು ಕೂತ ಬೈಕಿನಲ್ಲಿ ಹೊರಟು, ಕೆರೆ ಅಂಗಳಕ್ಕೆ ಎರಡು ಗುಂಟೆ ಮುಂದೊತ್ತಿರುವ ತಮ್ಮ ತೋಟ ಸೇರಿಕೊಳ್ಳುತ್ತಾರೆ. ಬರಲಿರುವ ಹಿಟ್ಲರ್ ಬೇಲಿಯಾಚೆಯ ದಾಯಾದಿಯಿಂದಲೇ ಕೆಲಸ ಶುರು ಮಾಡುತ್ತಾನೆ ಎಂಬುದರಲ್ಲಿ ಅವರಿಗೆ ಎಳ್ಳಷ್ಟೂ ಅನುಮಾನವಿಲ್ಲ.

ಸರಿ, ಕರೆಸಿಯೇ ಬಿಡೋಣ. ಬಂದವನಿಗೆ ಮೊದಲು ಬೇಕಾಗುವುದು ಪಟ್ಟಿ. 1935ರ ನ್ಯೂರೆಂಬರ್ಗ್ ಕಾನೂನುಗಳ ಪ್ರಕಾರ ಅಜ್ಜ-ಅಜ್ಜಿಯರು ನಾಲ್ವರಲ್ಲಿ ಮೂವರು ಯಹೂದಿಗಳಾಗಿದ್ದರೆ ಮೊಮ್ಮಗನೂ ಯಹೂದಿ, ಅವನು ಭಾನುವಾರ ತಪ್ಪದೆ ಚರ್ಚಿಗೆ ಹೋಗುವವನಾದರೂ ಸರಿ. ಜರ್ಮನಿಯ ಗುಮಾಸ್ತರು ಚರ್ಚಿನ ಜನನ ದಫ್ತರ ತೆಗೆದು, ಪ್ರತಿಯೊಬ್ಬನ ತಾತನನ್ನೂ ಹುಡುಕಿ ಮೊಹರು ಒತ್ತಿದರು. ನಮ್ಮಲ್ಲಿ ವಂಶವೃಕ್ಷದ ಒಂದು ಹಾಳೆ ಬೇಕೆಂದರೆ ಸರ್ವರ್ ಇರುವುದಿಲ್ಲ, ಸರ್ವರ್ ಇದ್ದ ದಿನ ಸಾಹೇಬರು ಇರುವುದಿಲ್ಲ. ಹಿಟ್ಲರ್ ಮೂರು ದಿನ ಅಲೆದು ಬೇಸತ್ತು ವಾಪಸು ಹೋದಾನು ಎಂದು ನಗಬಹುದು. ಆದರೆ ನಮಗೆ ಆ ಹಾಳೆ ಬೇಕೇ? ಯಾವ ಬೀದಿ ಯಾರದು, ಯಾರ ಮನೆಯಲ್ಲಿ ನೀರು ಕುಡಿಯಬಹುದು, ಯಾರಿಗೆ ಲೋಟ ಬೇರೆ ಇಡಬೇಕು ಅನ್ನುವ ದಫ್ತರ ನಮ್ಮ ಊರುಗಳಲ್ಲಿ ಬಾಯಿಪಾಠವಾಗಿ ನೂರಾರು ವರ್ಷದಿಂದ ನಡೆದು ಬಂದಿದೆ. ಈ ವಿಷಯದಲ್ಲಿ ನಾವು ಸರ್ವರನ್ನು ನಂಬಿ ಕೂತವರಲ್ಲ.

ಎರಡನೆಯದು ರೈಲು. ಹಿಟ್ಲರ್ ಇದ್ದಿದ್ದರೆ ಎಲ್ಲ ಟೈಮಿಗೆ ಸರಿಯಾಗಿ ನಡೆಯುತ್ತಿತ್ತು ಎಂಬುದು ಇನ್ನೊಂದು ಜನಪ್ರಿಯ ನಂಬಿಕೆ. ನಡೆಯಿತು, ನಿಜ. ಯಹೂದಿಗಳನ್ನು ಸಾವಿನ ಶಿಬಿರಗಳಿಗೆ ತುಂಬಿ ಕಳಿಸಿದ್ದು ದನದ ವ್ಯಾಗನ್ನುಗಳಲ್ಲಿ. ಜರ್ಮನ್ ರೈಲ್ವೆ ಅದಕ್ಕೆ ವಸೂಲಿ ಮಾಡಿದ್ದು ಮೂರನೇ ದರ್ಜೆಯ ಪ್ರಯಾಣಿಕರ ದರ, ಅದೂ ಕಿಲೋಮೀಟರ್ ಲೆಕ್ಕದಲ್ಲಿ. ಹತ್ತು ವರ್ಷದ ಒಳಗಿನ ಮಕ್ಕಳಿಗೆ ಅರ್ಧ ಟಿಕೆಟ್, ನಾಲ್ಕು ವರ್ಷದ ಒಳಗಿನವರಿಗೆ ಪುಕ್ಕಟೆ. ನಾನೂರು ಜನಕ್ಕಿಂತ ಹೆಚ್ಚಿದ್ದರೆ ಗುಂಪಿನ ರಿಯಾಯಿತಿ. ಕಾವಲಿನವರಿಗೆ ಹೋಗಿಬರುವ ಟಿಕೆಟ್, ಉಳಿದವರಿಗೆ ಹೋಗುವುದಷ್ಟೇ. ನಾವು ಹೊಗಳುವ ಶಿಸ್ತು ಅಂದರೆ ಇದು. ತುಮಕೂರಿನಿಂದ ಕೊರಟಗೆರೆ, ಮಧುಗಿರಿ, ಪಾವಗಡದ ಮೇಲೆ ರಾಯದುರ್ಗಕ್ಕೆ ಹೋಗುವ ರೈಲು ಮಾರ್ಗ 2007-08ರಲ್ಲಿ ಮಂಜೂರಾಗಿ ವರ್ಷಗಟ್ಟಲೆ ಕುಂಟುತ್ತಿರುವುದಕ್ಕೆ ನಾವೆಲ್ಲ ಬೈದಿದ್ದೇವೆ. ಅಶಿಸ್ತಿಗೂ ಒಮ್ಮೊಮ್ಮೆ ಕೈ ಮುಗಿಯಬೇಕು ಅನಿಸುತ್ತದೆ.

ಇಷ್ಟೆಲ್ಲ ಆದಮೇಲೂ ಆ ಹೆಸರಿಗೆ ನಮ್ಮಲ್ಲಿರುವ ಮರ್ಯಾದೆ ನೋಡಿ. 2021ರಲ್ಲಿ ಜೀ ಕನ್ನಡದಲ್ಲಿ ‘ಹಿಟ್ಲರ್ ಕಲ್ಯಾಣ’ ಶುರುವಾಯಿತು, ಮನೆಮನೆಯವರೂ ಆ ಮದುವೆಗೆ ಹೋಗಿ ಬಂದರು. ಅದಕ್ಕೂ ಹತ್ತು ವರ್ಷ ಮುಂಚೆ ಹಿಂದಿಯಲ್ಲಿ ‘ಹಿಟ್ಲರ್ ದೀದಿ’ ಬಂದಿತ್ತು. ಆ ಅಕ್ಕ ಅಮೆರಿಕದ ಟಿವಿಗೆ ಹೋಗುವಾಗ ಹೆಸರು ಬದಲಿಸಿಕೊಂಡು ‘ಜನರಲ್ ದೀದಿ’ ಆದಳು. ಅಲ್ಲಿ ನಾಚಿಕೆಯಾಗುವುದು ಇಲ್ಲಿ ಆಗುವುದಿಲ್ಲ ಎಂದು ಚಾನೆಲಿನವರಿಗೆ ಖಚಿತವಾಗಿ ಗೊತ್ತಿತ್ತು. 2012ರಲ್ಲಿ ಅಹಮದಾಬಾದಿನಲ್ಲಿ ‘ಹಿಟ್ಲರ್’ ಅಂತಲೇ ಬೋರ್ಡು ಹಾಕಿ ಬಟ್ಟೆ ಅಂಗಡಿ ತೆರೆದವರು, ಪಾಲುದಾರರೊಬ್ಬರ ತಾತ ಬಲು ಕಟ್ಟುನಿಟ್ಟು, ಜನ ಅವರನ್ನು ಹಾಗೇ ಕರೆಯುತ್ತಿದ್ದರು, ಅದಕ್ಕೇ ಆ ಹೆಸರು ಎಂದು ಸಮಜಾಯಿಷಿ ಕೊಟ್ಟರು. ನಾನು ಅದನ್ನು ಪೂರ್ತಿ ನಂಬುತ್ತೇನೆ. ನಮ್ಮ ದೇಶದಲ್ಲಿ ಹಿಟ್ಲರ್ ಸತ್ತಿದ್ದು ಬಂಕರಿನಲ್ಲಲ್ಲ. ಅವನು ರಿಟೈರ್ ಆಗಿ ಯಾರದೋ ತಾತ ಆಗಿದ್ದಾನೆ.

ಅವನ ಆತ್ಮಕಥೆ ಫುಟ್‌ಪಾತಿನಲ್ಲಿ ವ್ಯಕ್ತಿತ್ವ ವಿಕಸನದ ಪುಸ್ತಕಗಳ ಪಕ್ಕದಲ್ಲೇ ಮಲಗಿರುತ್ತದೆ. ಕೊಂಡವರು ಓದಿಲ್ಲ ಅನ್ನುವುದಕ್ಕೆ ಪುರಾವೆ ಅದರೊಳಗೇ ಇದೆ. ನಮ್ಮ ಸ್ವಾತಂತ್ರ್ಯ ಹೋರಾಟವನ್ನು ಆತ ಅಲ್ಲಿ ಗೇಲಿ ಮಾಡಿದ್ದಾನೆ. ಭಾರತ ಬೇರೆ ಯಾರ ಕೈಗೂ ಹೋಗದೆ ಇಂಗ್ಲಿಷರ ಕೈಯಲ್ಲೇ ಇರುವುದು ವಾಸಿ ಎಂದೂ ಬರೆದಿದ್ದಾನೆ. ದೇಶಭಕ್ತರು ಆ ಪುಟ ತೆಗೆಯುವ ಮೊದಲೇ ಪುಸ್ತಕವನ್ನು ಶೋಕೇಸಿಗೆ ಇಟ್ಟಿರುತ್ತಾರೆ.

ಹಿಟ್ಲರ್ ಮೇಲಿನ ಈ ಮೋಹ ಎತ್ತಿ ತೋರಿಸಿದರೆ, ಉತ್ತರವಾಗಿ ನಮ್ಮ ಭಾಷಣಕಾರರ ಬಳಿ ಒಂದು ಸಿದ್ಧ ವಾಕ್ಯವಿದೆ: ಪ್ರಪಂಚದಲ್ಲೆಲ್ಲ ಯಹೂದಿಗಳನ್ನು ಹಿಂಸಿಸಿದರು, ಭಾರತದಲ್ಲಿ ಮಾತ್ರ ಅವರ ಕೂದಲೂ ಕೊಂಕಲಿಲ್ಲ. ಕೊಚ್ಚಿಯ ರಾಜರ ವಿಷಯದಲ್ಲಿ ಈ ಮಾತು ಒಪ್ಪತಕ್ಕದ್ದೇ. ಮೈಸೂರಿನ ವಿಷಯದಲ್ಲೂ ಹೌದು. ಬೆಂಗಳೂರಿನ ಮೈಸೂರು ರಸ್ತೆಯಲ್ಲಿರುವ ಯಹೂದಿಗಳ ಸ್ಮಶಾನಕ್ಕೆ 1904ರಲ್ಲಿ ಜಾಗ ಕೊಟ್ಟವರು ನಾಲ್ವಡಿ ಕೃಷ್ಣರಾಜ ಒಡೆಯರ್. ಆದರೆ ಕಾರವಾರ ದಾಟಿದರೆ ಗೋವಾ. ಅಲ್ಲಿ ಪೋರ್ಚುಗೀಸರು 1560ರಲ್ಲಿ ಇನ್‌ಕ್ವಿಸಿಶನ್ ಎಂಬ ಧರ್ಮದ ಕೋರ್ಟು ಕೂರಿಸಿದರು. ಅದು ಮೊದಲು ಹುಡುಕಿದ್ದೇ ಬಲವಂತಕ್ಕೆ ಕ್ರೈಸ್ತರಾಗಿ ಮನೆಯೊಳಗೆ ಯಹೂದಿಗಳಾಗಿ ಉಳಿದವರನ್ನು. ಗಾರ್ಸಿಯಾ ದ ಓರ್ತ ಎಂಬ ವೈದ್ಯ ಅಂಥ ಮನೆತನದವನು. 1563ರಲ್ಲಿ ಅವನು ಗೋವಾದಲ್ಲಿ ಅಚ್ಚು ಮಾಡಿಸಿದ ಗ್ರಂಥ ಭಾರತದ ಔಷಧ ಸಸ್ಯಗಳ ಬಗ್ಗೆ ಯೂರೋಪಿಗೆ ಪಾಠ ಹೇಳಿತು. ನಮ್ಮ ತುಮಕೂರು ಸೀಮೆಯ ಹುಣಸೆಹಣ್ಣಿಗೂ ಅದರಲ್ಲಿ ಒಂದು ಅಧ್ಯಾಯ ಇದೆ. ಅವನು 1568ರಲ್ಲಿ ಹಾಸಿಗೆಯ ಮೇಲೆ ಸತ್ತ, ಬಚಾವಾದ ಅಂದುಕೊಂಡರೆ ತಪ್ಪು. ಮರುವರ್ಷ ತಂಗಿ ಕತರೀನಳನ್ನು ಸುಟ್ಟರು. 1580ರಲ್ಲಿ ಓರ್ತನ ಗೋರಿ ಅಗೆದು, ಮೂಳೆ ಹೊರತೆಗೆದು, ಮೂಳೆಗಳಿಗೂ ಶಿಕ್ಷೆ ವಿಧಿಸಿ ಸುಟ್ಟರು. ಹುಣಸೆಹಣ್ಣನ್ನು ಕ್ವಿಂಟಲ್ ಲೆಕ್ಕದಲ್ಲಿ ಮಾರುವ ನಮಗೆ ಅದನ್ನು ವರ್ಣಿಸಿದವನ ಗತಿ ಗೊತ್ತಿಲ್ಲ. ಮಾರ್ಕೆಟ್ ರೇಟಿನಲ್ಲಿ ಅದೇನೂ ವ್ಯತ್ಯಾಸ ಮಾಡುವುದಿಲ್ಲವಲ್ಲ.

ಗೋವಾ ಪೋರ್ಚುಗೀಸರ ಪಾಪ ಎಂದು ಕೈ ತೊಳೆಯಬಹುದು. ಬೆಂಗಳೂರಿನ ಕಥೆಗೆ ಹಾಗೆ ತೊಳೆಯುವುದು ಅಷ್ಟು ಸಲೀಸಲ್ಲ.

ಮ್ಯಾಕ್ಸ್ ಬಾರ್ನ್ ಗಟ್ಟಿಂಗೆನ್ ವಿಶ್ವವಿದ್ಯಾಲಯದ ಭೌತವಿಜ್ಞಾನಿ. ಕ್ವಾಂಟಮ್ ಶಾಸ್ತ್ರ ಕಟ್ಟಿದ ನಾಲ್ಕಾರು ತಲೆಗಳಲ್ಲಿ ಒಂದು ಅವರದು. 1914ರಲ್ಲೇ ಲೂಥರನ್ ಕ್ರೈಸ್ತರಾಗಿದ್ದರು. ಆದರೆ ತಾತಂದಿರು ಯಹೂದಿಗಳು. 1933ರ ಏಪ್ರಿಲ್‌ನಲ್ಲಿ ತಮ್ಮನ್ನು ಕೆಲಸದಿಂದ ಬಿಡಿಸಿದ ಸುದ್ದಿಯನ್ನು ಅವರು ಓದಿದ್ದು ಪತ್ರಿಕೆಯಲ್ಲಿ. ಕುಟುಂಬ ಕಟ್ಟಿಕೊಂಡು ಇಂಗ್ಲೆಂಡಿಗೆ ಹೋದರು. ಅಲ್ಲಿ ಸಿಕ್ಕಿದ್ದು ತಾತ್ಕಾಲಿಕ ಕೆಲಸ. ಆಗ ಬೆಂಗಳೂರಿನ ಇಂಡಿಯನ್ ಇನ್‌ಸ್ಟಿಟ್ಯೂಟ್ ಆಫ್ ಸೈನ್ಸ್‌ನ ನಿರ್ದೇಶಕರಾಗಿದ್ದವರು ಸಿ.ವಿ. ರಾಮನ್. ಹಿಟ್ಲರ್ ಎಸೆದ ರತ್ನಗಳನ್ನು ಆರಿಸಿಕೊಳ್ಳಬೇಕು ಎಂದು ಆ ಕಾಲದಲ್ಲಿ ಹೊಳೆದ ಕೆಲವೇ ಭಾರತೀಯರಲ್ಲಿ ರಾಮನ್ ಒಬ್ಬರು. ಜರ್ಮನಿಯಲ್ಲಿ ನ್ಯೂರೆಂಬರ್ಗ್ ಕಾನೂನು ಜಾರಿಯಾದ ಅದೇ 1935ರ ಕೊನೆಯ ತಿಂಗಳುಗಳಲ್ಲಿ ಬಾರ್ನ್ ದಂಪತಿ ಬೆಂಗಳೂರಿನಲ್ಲಿದ್ದರು. ಅವರಿಗೆ ಇಲ್ಲಿ ಒಂದು ಖಾಯಂ ಪ್ರೊಫೆಸರ್ ಹುದ್ದೆ ಕೊಡಬೇಕು ಎಂದು ರಾಮನ್ ಹಠ ಹಿಡಿದರು.

ಸಭೆ ಸೇರಿತು. ಬಾರ್ನ್ ಕೂಡ ಅಲ್ಲೇ ಕೂತಿದ್ದರು. ಆಸ್ಟನ್ ಎಂಬ ಇಂಗ್ಲಿಷ್ ಪ್ರೊಫೆಸರ್ ಎದ್ದು, ಸ್ವಂತ ದೇಶದವರೇ ಹೊರಗೆ ಹಾಕಿದ ಎರಡನೇ ದರ್ಜೆಯ ಪರದೇಶಿ ನಮಗೆ ಸಾಲದು ಎಂಬರ್ಥದ ಮಾತಾಡಿದರು. ಬೆಂಗಳೂರಿನಲ್ಲಿ ಕೂತ ಇಂಗ್ಲಿಷಿನವನು ಇನ್ನೊಬ್ಬನನ್ನು ಪರದೇಶಿ ಅಂದ. ಆ ಕ್ಷಣಕ್ಕೆ ಯಾರೂ ನಗಲಿಲ್ಲ ಅನ್ನುವುದೇ ಆಶ್ಚರ್ಯ. ಹಿಟ್ಲರ್ ಕೊಟ್ಟ ವರ್ಗಾವಣೆ ಪತ್ರವನ್ನು ನಡತೆಯ ಸರ್ಟಿಫಿಕೇಟಿನಂತೆ ಓದಲಾಯಿತು: ಅವರೇ ಬೇಡ ಅಂದಮೇಲೆ ಇವನಲ್ಲಿ ಏನೋ ಐಬು ಇರಲೇಬೇಕು. ನೊಂದವನ ಮೇಲೆ ಅನುಮಾನಪಡುವ ಈ ಬುದ್ಧಿಗೆ ಆಸ್ಟನ್ ಮೊದಲನೆಯವರೂ ಅಲ್ಲ, ಕೊನೆಯವರೂ ಅಲ್ಲ. ಹುದ್ದೆ ದಕ್ಕಲಿಲ್ಲ. ಬಾರ್ನ್ 1936ರಲ್ಲಿ ಎಡಿನ್‌ಬರೋಗೆ ಹೋದರು. ರಾಮನ್ ಮರುವರ್ಷ ನಿರ್ದೇಶಕ ಸ್ಥಾನ ಬಿಡಬೇಕಾಯಿತು. ಅವರ ಮೇಲಿದ್ದ ದೂರುಗಳಲ್ಲಿ ಫಿಸಿಕ್ಸಿನ ಹುಚ್ಚು ಅತಿಯಾಯಿತು ಎಂಬುದೂ ಒಂದು. ಎರಡನೇ ದರ್ಜೆಯ ಪರದೇಶಿಗೆ 1954ರಲ್ಲಿ ನೊಬೆಲ್ ಬಂತು.

ಬಾರ್ನ್ ಹೋದರೂ ಅವರ ತಂಗಿಯ ಮಗ ಬಂದ. ಆಟೊ ಕೋನಿಗ್ಸ್‌ಬರ್ಗರ್, ಬರ್ಲಿನ್ನಿನ ವಾಸ್ತುಶಿಲ್ಪಿ. ಅವನಿಗೂ ಅದೇ ವಂಶ, ಅದೇ ಅಪರಾಧ. 1939ರಲ್ಲಿ ದಿವಾನ್ ಸರ್ ಮಿರ್ಜಾ ಇಸ್ಮಾಯಿಲ್ ಅವನನ್ನು ಮೈಸೂರು ಸಂಸ್ಥಾನದ ಮುಖ್ಯ ವಾಸ್ತುಶಿಲ್ಪಿ ಮಾಡಿದರು. ಹಿಂದೂ ಮಹಾರಾಜ, ಮುಸ್ಲಿಂ ದಿವಾನ, ಯಹೂದಿ ವಾಸ್ತುಶಿಲ್ಪಿ! ಈಗಿನ ವಾಟ್ಸಾಪ್ ಗುಂಪಿಗೆ ಇದನ್ನು ಹಾಕಿದರೆ ಯಾವ ಪಕ್ಷದವರು ಮೊದಲು ಗುಂಪು ಬಿಡುತ್ತಾರೆ ಹೇಳುವುದು ಕಷ್ಟ. ಮಾವನಿಗೆ ಜಾಗ ಕೊಡದ ಅದೇ ಇನ್‌ಸ್ಟಿಟ್ಯೂಟಿನಲ್ಲಿ ಅಳಿಯ ಏರೋನಾಟಿಕ್ಸ್ ವಿಭಾಗ, ಊಟದ ಹಾಲ್, ಸಭಾಂಗಣ ಕಟ್ಟಿಸಿದ. ಬಸವನಗುಡಿಯ ಕೃಷ್ಣರಾವ್ ಪಾರ್ಕಿನ ಮಂಟಪವೂ ಅವನದೇ. ಅದರ ನೆರಳಲ್ಲಿ ವಾಕಿಂಗ್ ಮುಗಿಸಿ ಕೂತ ಹಿರಿಯರು “ಒಬ್ಬ ಹಿಟ್ಲರ್ ಬರಬೇಕು ಸಾರ್” ಅಂದುಕೊಳ್ಳುವ ಸಂಭವ ಸಾಕಷ್ಟಿದೆ. ಬೆಂಗಳೂರಿಗೂ ತೋವಿನಕೆರೆಗೂ ಈ ವಿಷಯದಲ್ಲಿ ಇರುವ ವ್ಯತ್ಯಾಸ ‘ಸಾರ್’ ಒಂದೇ.

ಮರೆವು ನಮ್ಮೊಬ್ಬರ ಗುತ್ತಿಗೆಯಲ್ಲ. ನ್ಯೂರೆಂಬರ್ಗ್ ಕಾನೂನುಗಳಿಗೆ ಭಾಷ್ಯ ಬರೆದ ಹಾನ್ಸ್ ಗ್ಲೋಬ್ಕೆ ಯುದ್ಧದ ನಂತರ ಪಶ್ಚಿಮ ಜರ್ಮನಿಯ ಚಾನ್ಸಲರ್ ಅಡೆನಾವರ್‌ಗೆ ಬಲಗೈಯಾಗಿ 1963ರವರೆಗೂ ಗದ್ದುಗೆಯ ಪಕ್ಕದಲ್ಲೇ ಕೂತಿದ್ದ. ಆಸ್ಟ್ರಿಯಾ ತಾನೇ ಹಿಟ್ಲರನ ಮೊದಲ ಬಲಿಪಶು ಎಂದು ಹತ್ತಾರು ವರ್ಷ ಹೇಳಿಕೊಂಡು ತಿರುಗಿತು, ಅವನು ಹುಟ್ಟಿದ್ದು ತನ್ನ ಮಡಿಲಲ್ಲೇ ಎಂಬುದನ್ನು ನುಂಗಿಕೊಂಡು. ಪೋಲೆಂಡಿನ ಕೀಲ್ಸ್ ಊರಿಗೆ ಬದುಕುಳಿದು ಮರಳಿದ ಯಹೂದಿಗಳ ಮೇಲೆ ಊರವರೂ ಪೊಲೀಸರೂ ಬಿದ್ದು ನಲವತ್ತಕ್ಕೂ ಹೆಚ್ಚು ಜನರನ್ನು ಕೊಂದಿದ್ದು 1946ರ ಜುಲೈನಲ್ಲಿ, ಹಿಟ್ಲರ್ ಸತ್ತ ಮರುವರ್ಷ. ಈಗ ಬರ್ಲಿನ್ ನಡುಮಧ್ಯೆ 2,711 ಕಾಂಕ್ರೀಟ್ ದಿಮ್ಮಿಗಳ ಸ್ಮಾರಕವಿದೆ, ಪ್ರವಾಸಿಗರು ಅದರ ಮೇಲೆ ಹತ್ತಿ ಸೆಲ್ಫಿ ತೆಗೆಯುತ್ತಾರೆ. ಆದರೂ ಅಲ್ಲಿ ಹತ್ತಲು ಒಂದು ದಿಮ್ಮಿಯಾದರೂ ಇದೆ. 1876-78ರ ಧಾತು ಈಶ್ವರ ಬರದಲ್ಲಿ ಮೈಸೂರು ಸಂಸ್ಥಾನದ ನಮ್ಮದೇ ಅಜ್ಜ-ಮುತ್ತಜ್ಜಂದಿರು ಸುಮಾರು ಐದರಲ್ಲಿ ಒಂದು ಪಾಲು ಇಲ್ಲವಾದರು. ಅವರಿಗೆ ನಾವು ಊರಿಗೊಂದು ಕಲ್ಲನ್ನೂ ನೆಡಲಿಲ್ಲ. ಸ್ವಂತದವರನ್ನೇ ಮರೆತವರು ಪರರನ್ನು ನೆನೆಯಲಿ ಎನ್ನುವುದು ದುರಾಸೆ ಇರಬಹುದು.

ಈಚೆಗೆ ಹೊಸ ಗೊಂದಲ. ಇಸ್ರೇಲ್ ಅಂದರೆ ಎದೆಯುಬ್ಬಿಸುವವರು ಹಿಟ್ಲರ್ ಅಂದರೂ ಎದೆಯುಬ್ಬಿಸುತ್ತಾರೆ. ಅವರಿಗೆ ಇಬ್ಬರೂ ‘ಗಂಡಸರು’, ಒಬ್ಬ ಇನ್ನೊಬ್ಬರ ತಾತಂದಿರನ್ನು ಕೊಂದ ಎಂಬುದು ಚಿಲ್ಲರೆ ವಿವರ. ಗಾಜಾದ ಮಕ್ಕಳ ಸಾವಿಗೆ ಕಣ್ಣೀರು ಹಾಕುವವರಲ್ಲಿ ಕೆಲವರು ಅದೇ ಬಿಸಿಯಲ್ಲಿ, ಹಿಟ್ಲರ್ ಅರ್ಧಕ್ಕೆ ಬಿಟ್ಟ ಎಂದು ಫಾರ್ವರ್ಡ್ ಮಾಡುತ್ತಾರೆ. ಗಾಜಾದ ಮಗುವಿಗೆ ಅಳಲು ಆಶ್ವಿಟ್ಸ್ ಎಂಬ ಸಾವಿನ ಶಿಬಿರದ ಮಗುವನ್ನು ಇನ್ನೊಮ್ಮೆ ಕೊಲ್ಲಬೇಕಿಲ್ಲ. ಆಶ್ವಿಟ್ಸ್ ನೆನೆದವರು ಗಾಜಾಕ್ಕೆ ಕಣ್ಣು ಮುಚ್ಚಬೇಕಾಗಿಯೂ ಇಲ್ಲ. ಎರಡು ಗುಂಪಿಗೂ ಒಂದು ವಿಷಯದಲ್ಲಿ ಒಮ್ಮತವಿದೆ: ಸತ್ತ ಯಹೂದಿ ತಮ್ಮ ವಾದಕ್ಕೆ ಒದಗಿದರೆ ಸರಿ, ಒದಗದಿದ್ದರೆ ಅವನಿಗೆ ಬೇರೆ ಕೆಲಸವಿಲ್ಲ.

ಹತ್ತನೇ ತರಗತಿಯ ಸಮಾಜ ವಿಜ್ಞಾನದಲ್ಲಿ ನಾಜಿವಾದ ಇದೆ. ಮಕ್ಕಳು ಓದುತ್ತಾರೆ, ಅಂಕ ತೆಗೆಯುತ್ತಾರೆ, ಸಂಜೆ ಮನೆಗೆ ಹೋಗಿ ದೊಡ್ಡವರ ಬಾಯಲ್ಲಿ ಹಿಟ್ಲರ್ ಬರಬೇಕು ಎಂಬ ಮಾತು ಕೇಳುತ್ತಾರೆ. ಪರೀಕ್ಷೆಗೆ ಒಂದು ಉತ್ತರ, ಬದುಕಿಗೆ ಇನ್ನೊಂದು ಎಂಬುದು ಅವರಿಗೆ ಬೇಗ ಅರ್ಥವಾಗುತ್ತದೆ.

ಆದ್ದರಿಂದ ತೋವಿನಕೆರೆಯ, ಹಾಗೆಯೇ ಸುತ್ತಲಿನ ಊರುಗಳ ಮೇಷ್ಟ್ರುಗಳಲ್ಲಿ ಒಂದು ಅರಿಕೆ. ಆಶ್ವಿಟ್ಸ್ ಶಿಬಿರಕ್ಕೆ ಬಿಡುಗಡೆ ಸಿಕ್ಕಿದ್ದು 1945ರ ಜನವರಿ 27ರಂದು. 2005ರಲ್ಲಿ ವಿಶ್ವಸಂಸ್ಥೆ ಆ ದಿನವನ್ನು ಸತ್ತವರ ನೆನಪಿಗೆ ಗೊತ್ತುಮಾಡಿತು. ನಮಗೆ ಅದು ಗಣರಾಜ್ಯೋತ್ಸವದ ಮರುದಿನ, ಬಾವುಟ ಮಡಿಸಿ ಬೀರುವಿಗೆ ಇಡುವ ದಿನ. ಮಡಿಸಿದ ಮೇಲೆ ಹತ್ತು ನಿಮಿಷ ಉಳಿದರೆ, ಹಿಟ್ಲರ್ ಬಗ್ಗೆ ಏನೂ ಹೇಳಬೇಡಿ, ಅವನ ಪ್ರಚಾರ ಸಾಕಷ್ಟಾಗಿದೆ. ಬೆಂಗಳೂರಿಗೆ ಬಂದ ಮ್ಯಾಕ್ಸ್ ಬಾರ್ನ್ ಎಂಬುವರನ್ನು ನಾವು ಹೇಗೆ ವಾಪಸು ಕಳಿಸಿದೆವು ಅನ್ನುವುದನ್ನು ಮಕ್ಕಳಿಗೆ ಹೇಳಿ.