ನೋಡೋಣ ಬಿಡಿ

ಊರಲ್ಲಿ ಜಮೀನು, ಬೆಂಗಳೂರಲ್ಲಿ ಸಂಸಾರ ಇರುವವರ ಪೈಕಿ ಈ ಮಹಾಶಯರು ಧಾರಾಳವಾಗಿ ಸಿಗುತ್ತಾರೆ. ಹೆಸರು ಏನೇ ಇರಲಿ, ಮಾತು ಒಂದೇ: ‘ನೋಡೋಣ ಬಿಡಿ, ಜಮೀನೇನು ಎದ್ದು ಓಡಿಹೋಗುತ್ತಾ?’

ಜಮೀನು ಓಡಿಹೋಗುವುದಿಲ್ಲ, ನಿಜ. ಪಕ್ಕದವರ ಬೇಲಿ ಮಾತ್ರ ನಡೆದುಕೊಂಡು ಬರುತ್ತದೆ. ಒಂದು ವರ್ಷ ಜಾತ್ರೆಗೆ ಹೋದಾಗ ತಮ್ಮ ಬದುವಿನ ಈಚೆಗೆ ಕಲ್ಲುಕಂಬ ನೆಟ್ಟಿರುವುದನ್ನು ಇವರು ಕಣ್ಣಾರೆ ಕಂಡರು. ಕೇಳೋಣವೆಂದು ಹೋದರೆ ಪಕ್ಕದವನು ‘ಬನ್ನಿ ಅಣ್ಣಾ, ಕಾಫಿ ಕುಡೀರಿ’ ಎಂದ. ಕಾಫಿ ಕುಡಿದ ಬಾಯಲ್ಲಿ ಜಗಳ ಹೇಗೆ ಆಡುವುದು? ದೀಪಾವಳಿಗೆ ಅಳೆಸಿದರಾಯಿತು ಎಂದುಕೊಂಡು ಬಸ್ಸು ಹತ್ತಿದರು. ಆಮೇಲೆ ಅಲ್ಲಿ ತೆಂಗಿನ ಸಸಿ ಬಂತು, ಬೋರ್‌ವೆಲ್ ಬಂತು, ದನದ ಕೊಟ್ಟಿಗೆಯೂ ಬಂತು. ಸಸಿ ಮರವಾಗಿ ಫಲ ಬಿಟ್ಟಾಗ ಪಕ್ಕದವನು ಎಳನೀರು ಕೆತ್ತಿ ಕೊಟ್ಟ. ತಮ್ಮದೇ ನೆಲದ ಎಳನೀರನ್ನು ಉಪಚಾರವೆಂದು ಕುಡಿದು, ‘ಒಳ್ಳೇ ಮನುಷ್ಯ’ ಎಂದು ಹೊಗಳಿಯೂ ಬಂದರು.

ಇವರ ಧೈರ್ಯವೆಲ್ಲ ಬೀರುವಿನಲ್ಲಿರುವ ಬಟ್ಟೆಚೀಲದ್ದು. ಕ್ರಯಪತ್ರ, ಪಹಣಿ, ಋಣಭಾರ ಪತ್ರ, ಕಂದಾಯದ ರಸೀದಿ, ಎಲ್ಲಕ್ಕೂ ಮೂರು ಮೂರು ಜೆರಾಕ್ಸ್. ‘ಪಹಣಿ ನನ್ನ ಹೆಸರಲ್ಲಿ, ಕಂದಾಯ ಕಟ್ಟೋದು ನಾನು. ಅವನೇನು ಮಾಡ್ತಾನೆ?’

1963ರ ಕಾಲಮಿತಿ ಕಾಯ್ದೆಗೆ ಈ ಚೀಲದ ಮೇಲೆ ಅಷ್ಟೇನೂ ಗೌರವವಿಲ್ಲ. ಮಾಲೀಕನ ಹಕ್ಕನ್ನು ಧಿಕ್ಕರಿಸಿ, ಬಹಿರಂಗವಾಗಿ, ಬಿಡುವಿಲ್ಲದೆ ಒಬ್ಬ ಸ್ವಾಧೀನದಲ್ಲಿದ್ದರೆ, ಸ್ವಾಧೀನ ಹಾಗೆ ಪ್ರತಿಕೂಲವಾದ ದಿನದಿಂದ 12 ವರ್ಷದೊಳಗೆ ಮಾಲೀಕ ದಾವೆ ಹೂಡಬೇಕು. ಹೂಡದಿದ್ದರೆ 27ನೇ ಕಲಮಿನ ಪ್ರಕಾರ ಹಕ್ಕೇ ನಂದಿಹೋಗುತ್ತದೆ. ಎದುರಾಳಿ ಸುಮ್ಮನಿದ್ದರೂ ಅವಧಿ ಮೀರಿದ ದಾವೆಯನ್ನು ನ್ಯಾಯಾಲಯ ತಾನಾಗಿಯೇ ವಜಾ ಮಾಡಬೇಕು. ಮಗಳ ಮದುವೆ, ಮೊಣಕಾಲು ನೋವು ಎಂದು ವಿಳಂಬ ಮನ್ನಿಸಲು ಕೇಳುವ ಅವಕಾಶ ಇರುವುದು ಮೇಲ್ಮನವಿಗೆ, ಅರ್ಜಿಗೆ, ಮೂಲ ದಾವೆಗಲ್ಲ. ಸರ್ಕಾರಕ್ಕೆ ಮಾತ್ರ 30 ವರ್ಷ ಕೊಟ್ಟಿದ್ದಾರೆ. ಸರ್ಕಾರ ಇವರಿಗಿಂತಲೂ ನಿಧಾನ ಎಂಬುದು ಕಾಯ್ದೆಗೂ ಗೊತ್ತು.

ಹಾಗೆಂದು ಪಕ್ಕದವನ ದಾರಿಯೂ ಹೂವಿನ ಹಾಸಿಗೆಯಲ್ಲ. ವಿಜಯಪುರದ ಆಸ್ತಿಗಳ ಕುರಿತು ಕರ್ನಾಟಕ ವಕ್ಫ್ ಮಂಡಳಿಯ ಪ್ರಕರಣದಲ್ಲಿ 2004ರಲ್ಲಿ ಸುಪ್ರೀಂ ಕೋರ್ಟ್ ಹೇಳಿದಂತೆ, ಪ್ರತಿಕೂಲ ಸ್ವಾಧೀನವನ್ನು ರುಜುವಾತು ಮಾಡುವ ಹೊಣೆ ಹಾಗೆ ಹೇಳಿಕೊಳ್ಳುವವನದೇ. ‘ನೋಡಿಕೊಂಡಿರಪ್ಪಾ’ ಎಂದು ಒಪ್ಪಿಗೆ ಪಡೆದು ಇದ್ದವನಿಗೆ ಬರೀ ಕಾಲ ಕಳೆದ ಮಾತ್ರಕ್ಕೆ ಅದು ದಕ್ಕುವುದಿಲ್ಲ. ಆದರೆ ರುಜುವಾತು ಮಾಡಬಲ್ಲವನು ತಾನೇ ಮುಂದಾಗಿ ಹಕ್ಕು ಘೋಷಣೆಗೆ ದಾವೆ ಹಾಕಬಹುದೆಂದು 2019ರಲ್ಲಿ ಅದೇ ಕೋರ್ಟ್ ಹೇಳಿದೆ.

ಇದನ್ನೆಲ್ಲ ಯಾರಾದರೂ ಹೇಳಿದರೆ ಮಹಾಶಯರು ಬ್ರಹ್ಮಾಸ್ತ್ರ ತೆಗೆಯುತ್ತಾರೆ: ‘ಪಿಟಿಸಿಎಲ್ ಕಾಯ್ದೆಗೆ ಕಾಲಮಿತಿ ಇಲ್ಲವಂತಲ್ಲ!’ ಅದು ಪರಿಶಿಷ್ಟ ಜಾತಿ, ಪಂಗಡದವರಿಗೆ ಮಂಜೂರಾದ ಜಮೀನಿನ ರಕ್ಷಣೆಗೆ 1978ರಲ್ಲಿ ಬಂದ ಕಾಯ್ದೆ. ಇವರಪ್ಪ ಕ್ರಯಕ್ಕೆ ಕೊಂಡ ಜಮೀನಿಗೆ ಸಂಬಂಧವೇ ಇಲ್ಲ. ಅಲ್ಲಿಯೂ ಎರಡು ದಶಕ ದಾಟಿ ಬಂದ ಅರ್ಜಿಯನ್ನು 2017ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಕಾಲಮಿತಿ ಅನ್ವಯಿಸದು ಎಂದು ಬರೆಯಲು ರಾಜ್ಯ 2023ರಲ್ಲಿ ತಿದ್ದುಪಡಿಯನ್ನೇ ತರಬೇಕಾಯಿತು.

ಕೊನೆಗೊಂದು ದಿನ ಚೀಲ ವಕೀಲರ ಮೇಜಿನ ಮೇಲೆ ಕೂತಿತು. ವಕೀಲರು ಚೀಲ ಬಿಚ್ಚಲೇ ಇಲ್ಲ. ‘ಬೇಲಿ ಹಾಕಿ ಎಷ್ಟು ವರ್ಷ ಆಯ್ತು, ಯಜಮಾನ್ರೇ?’

ಮಹಾಶಯರು ಎದೆಯುಬ್ಬಿಸಿದರು. ‘ಹದಿನೈದು ವರ್ಷ ಸಾರ್! ಹದಿನೈದು ವರ್ಷದಿಂದ ತುಟಿಪಿಟಕ್ಕೆನ್ನದೆ ಸಹಿಸ್ಕೊಂಡಿದೀನಿ!’

ನಿಮ್ಮ ಮನೆಯಲ್ಲೂ ಇಂಥ ಹಿರಿಯರಿದ್ದರೆ ಈ ವಾರವೇ ಅವರನ್ನು ಕೂರಿಸಿ ಬೇಲಿ ಬಿದ್ದ ವರ್ಷ ಬರೆಸಿಕೊಳ್ಳಿ. ಹದ್ದುಬಸ್ತಿಗೆ ಅರ್ಜಿ ಹಾಕಿಸಿ. ವಕೀಲರ ನೋಟಿಸ್ ಕೊಟ್ಟಿದ್ದೇವಲ್ಲ ಎಂದು ಸುಮ್ಮನಾಗಬೇಡಿ. ನೋಟಿಸಿನಿಂದ ವರ್ಷಗಳ ಲೆಕ್ಕ ನಿಲ್ಲುವುದಿಲ್ಲ, ದಾವೆಯನ್ನೇ ಹೂಡಬೇಕು.