ಈಕ್ವಲೈಜರ್: ಬಿಚ್ಚುವ, ಜೋಡಿಸುವ ಕ್ರಮ

ಮೊದಲು ಹಳೆಯ ಮಾದರಿಯನ್ನು ಬಿಚ್ಚಿ. 1985ರಿಂದ 1989ರವರೆಗೆ ಅಮೆರಿಕದ ಸಿಬಿಎಸ್ ವಾಹಿನಿಯಲ್ಲಿ ಓಡಿದ ಧಾರಾವಾಹಿ ಇದು. ಒಳಗೆ ಎಡ್ವರ್ಡ್ ವುಡ್‌ವರ್ಡ್ ಎಂಬ ಇಂಗ್ಲಿಷ್ ನಟ, ನ್ಯೂಯಾರ್ಕ್ ನಗರ, ಕಪ್ಪು ಜಾಗ್ವಾರ್ ಕಾರು, ಪತ್ರಿಕೆಯಲ್ಲೊಂದು ಜಾಹೀರಾತು, ಒಂದು ಫೋನು ಸಿಗುತ್ತವೆ. ಕಷ್ಟಕ್ಕೆ ಸಿಕ್ಕಿದವರು ಫೋನ್ ಮಾಡಬೇಕು, ಕೆಲಸ ಬಿಟ್ಟ ಗೂಢಚಾರ ರಾಬರ್ಟ್ ಮೆಕಾಲ್ ಬರಬೇಕು. ಮೆಕಾಲ್ ಎಂಬ ಹೆಸರನ್ನು ಎತ್ತಿಟ್ಟುಕೊಂಡು ಉಳಿದದ್ದನ್ನು ಗುಜರಿಗೆ ಹಾಕಿ. ಫೋನು ಮಾತ್ರ ಪಕ್ಕದಲ್ಲಿರಲಿ.

ಈಗ 2014ರ ಸಿನಿಮಾ ಮಾದರಿ. ಊರು ಬಾಸ್ಟನ್. ಡೆನ್ಜೆಲ್ ವಾಷಿಂಗ್ಟನ್‌ರನ್ನು ಹಾರ್ಡ್‌ವೇರ್ ಮಳಿಗೆಯ ಕೆಲಸಕ್ಕೆ ಹಚ್ಚಿ. ರಾತ್ರಿ ನಿದ್ದೆ ಬರಕೂಡದು. ಹೋಟೆಲಿಗೆ ಕಳಿಸಿ, ಕೈಗೆ ಹೆಮಿಂಗ್ವೆಯ ಪುಸ್ತಕ ಕೊಡಿ. ಚಹಾಪುಡಿಯ ಪೊಟ್ಟಣವನ್ನು ಆತ ಮನೆಯಿಂದಲೇ ಕಾಗದದಲ್ಲಿ ಸುತ್ತಿ ತರಬೇಕು, ಮೇಜಿನ ಮೇಲಿನ ಚಮಚ ಸೊಟ್ಟಗಿದ್ದರೆ ನೆಟ್ಟಗೆ ಮಾಡಬೇಕು. ಇಲ್ಲಿ ಅವಸರ ಬೇಡ. ನಿರ್ದೇಶಕ ಆಂಟೊಯಿನ್ ಫುಕ್ವಾ ಮೊದಲ ಏಟು ಬೀಳುವವರೆಗೆ ತುಂಬ ಹೊತ್ತು ಕಾಯಿಸುತ್ತಾರೆ. ಇಡೀ ಚಿತ್ರದಲ್ಲಿ ಗಟ್ಟಿಯಾದ ಭಾಗ ಈ ಕಾಯುವಿಕೆಯೇ.

ಹೋಟೆಲಿನಲ್ಲಿ ಪರಿಚಯವಾದ ಹುಡುಗಿಯನ್ನು ರಷ್ಯನ್ ದಂಧೆಕೋರರು ಹೊಡೆದು ಆಸ್ಪತ್ರೆ ಸೇರಿಸುತ್ತಾರೆ. ನೇರ ಹೊಡೆದಾಟಕ್ಕೆ ಇಳಿಯಬೇಡಿ. ಲಕೋಟೆಯಲ್ಲಿ 9,800 ಡಾಲರ್ ಹಾಕಿಕೊಂಡು ಹೋಗಿ, ಅವಳನ್ನು ಬಿಟ್ಟುಬಿಡಿ ಎಂದು ಕೇಳಿ. ಅವರು ನಗಬೇಕು. ಅಲ್ಲಿಗೆ ಪ್ರೇಕ್ಷಕನ ಅಳುಕು ಕಳೆಯಿತು. ಬಾಗಿಲನ್ನು ಕೆಲವು ಸಲ ತೆಗೆದು ಹಾಕಿ, ಒಳಗಿನಿಂದ ಚಿಲಕ ಹಾಕಿ, ಗಡಿಯಾರ ಒತ್ತಿ.

ಸುತ್ತಿಗೆ ಬಳಸುವ ವಿಧಾನ: ಮಳಿಗೆಗೆ ನುಗ್ಗಿದ ಕಳ್ಳ ಕ್ಯಾಷ್ ಕೌಂಟರಿನ ಹೆಂಗಸಿನ ಉಂಗುರ ಕಿತ್ತುಕೊಂಡು ಹೋಗುತ್ತಾನೆ. ಕಪಾಟಿನಿಂದ ಒಂದು ಸುತ್ತಿಗೆ ತೆಗೆದುಕೊಳ್ಳಿ. ಮುಂದಿನ ದೃಶ್ಯದಲ್ಲಿ ಅದನ್ನು ಒರೆಸಿ ವಾಪಸ್ ಇಡಿ. ಉಂಗುರ ಡ್ರಾದಲ್ಲಿ ಸಿಗಲಿ. ನಡುವೆ ಏನಾಯಿತೆಂದು ತೋರಿಸಬೇಡಿ. ಕೊನೆಯ ಕಾಳಗದ ಮೊಳೆ ಹೊಡೆಯುವ ಯಂತ್ರ, ಮುಳ್ಳುತಂತಿ, ಮೈಕ್ರೋವೇವ್‌ಗಳೆಲ್ಲ ಸೇರಿದರೂ ಈ ಒಂದು ಸುತ್ತಿಗೆಗೆ ಸಾಟಿಯಿಲ್ಲ. ಅಲ್ಲಿ ಅಂಗಡಿಯ ದಾಸ್ತಾನು ಖಾಲಿ ಮಾಡುವ ಹುಮ್ಮಸ್ಸೇ ಜಾಸ್ತಿ. ಆಮೇಲೆ ಮಾಸ್ಕೋಗೆ ಹೋಗಿ ದಂಧೆಯ ಯಜಮಾನನನ್ನೂ ಮುಗಿಸಿ ಬನ್ನಿ. ಅಂಗಡಿ ಸಂಬಳದಲ್ಲಿ ಟಿಕೆಟ್ ಹೇಗೆ ಎಂದು ಯಾರೂ ಕೇಳುವುದಿಲ್ಲ.

ಜೋಡಿಸಿ ಮುಗಿಯಿತು. ಫೋನು ಕೈಯಲ್ಲೇ ಉಳಿಯಿತಲ್ಲ? ಗಾಬರಿ ಬೇಡ, ಅದಿಲ್ಲದೆಯೂ ಯಂತ್ರ ಓಡುತ್ತದೆ. ಇದುವರೆಗೆ ಆತನನ್ನು ಯಾರು ಕರೆದರು? ಆಸ್ಪತ್ರೆಯಲ್ಲಿ ಮಲಗಿದ್ದ ಹುಡುಗಿ ಕರೆದಿರಲಿಲ್ಲ, ಉಂಗುರ ಕಳೆದುಕೊಂಡವಳೂ ಕರೆದಿರಲಿಲ್ಲ. ಹಳೆಯ ಮೆಕಾಲ್ ಮನೆಗೆ ಕರೆದರೆ ಬರುವ ಮೇಸ್ತ್ರಿ. ಹೊಸಬನದು ತನ್ನದೇ ತನಿಖೆ, ತನ್ನದೇ ತೀರ್ಪು, ತನ್ನದೇ ಶಿಕ್ಷೆ. ಚಿತ್ರ ತಯಾರಿಸಿದವರಿಗೂ ಇದು ಹೊಳೆದಿರಬೇಕು. ಕೊನೆಯ ದೃಶ್ಯದಲ್ಲಿ ಆತ ಲ್ಯಾಪ್‌ಟಾಪ್ ತೆರೆದು, ಜಾಹೀರಾತು ನೋಡಿ ನೆರವು ಕೇಳಿದವರಿಗೆ ಉತ್ತರಿಸುತ್ತಾನೆ. ಹೆಣಗಳೆಲ್ಲ ಬಿದ್ದ ಮೇಲೆ ಅರ್ಜಿ ಸ್ವೀಕಾರ.

ಬದಲಿ ಭಾಗಗಳು: ಖಳರು ಬೇಗ ಖರ್ಚಾಗುತ್ತಾರೆ, ದಾಸ್ತಾನು ಇಟ್ಟುಕೊಳ್ಳಿ. 2018ರ ಎರಡನೆಯ ಭಾಗದಲ್ಲಿ ಮೆಕಾಲ್‌ನ ಹಳೆಯ ಸಹೋದ್ಯೋಗಿಗಳನ್ನೇ ಬಳಸಬೇಕಾಯಿತು. 2023ರ ಮೂರನೆಯದಕ್ಕೆ ಇಟಲಿಯಿಂದ ಕಮೋರಾ ಗ್ಯಾಂಗನ್ನು ಸಗಟಾಗಿ ತರಿಸಲಾಗಿದೆ.