ಚಿನ್ನಿದಾಂಡಿಗೂ ಕಪಾಟಿನಲ್ಲಿ ಜಾಗ ಕೊಡಿ

ಉಸ್ಮಾನಿಯಾ ವಿಶ್ವವಿದ್ಯಾಲಯದ ಗ್ರಂಥಪಾಲಕರಿಗೆ,

ನಿಮ್ಮ ಪಕ್ಕದ ತಾರ್ನಾಕದಲ್ಲೇ ಇರುವವನು, ಸಂಕೋಚವಿಲ್ಲದೆ ಒಂದು ಮಾತು ಕೇಳುತ್ತಿದ್ದೇನೆ.

2009ರಲ್ಲಿ ಇದೇ ಹೈದರಾಬಾದಿನ ಗೇಮ್‌ಶಾಸ್ತ್ರ ಕಂಪನಿ ‘ದೇಸಿ ಅಡ್ಡಾ’ ಎಂಬ ವಿಡಿಯೊ ಗೇಮ್ ತಯಾರಿಸಿತು. ಪ್ಲೇಸ್ಟೇಷನ್ 2ರ ಜೊತೆಗೆ, ಕೈಯಲ್ಲಿ ಹಿಡಿದು ಆಡುವ ಪಿಎಸ್‌ಪಿಗೂ ಅದು ಬಂತು. ಕಬಡ್ಡಿ, ಗಾಳಿಪಟ, ಚಿನ್ನಿದಾಂಡು, ಎಲ್ಲ ನಮ್ಮ ಬೀದಿಯ ಆಟಗಳೇ. ಪುಸ್ತಕ ಅಚ್ಚಾದರೆ 1954ರ ಕಾಯ್ದೆಯಂತೆ ಕೋಲ್ಕತ್ತದ ರಾಷ್ಟ್ರೀಯ ಗ್ರಂಥಾಲಯಕ್ಕೆ ಒಂದು ಪ್ರತಿ ಹೋಗಲೇಬೇಕು. ಗೇಮಿಗೆ ಆ ಕಟ್ಟಳೆ ಇಲ್ಲ. ಅಂಗಡಿಯಲ್ಲಿ ಮುಗಿದರೆ ಮುಗಿಯಿತು.

ನನ್ನ ಪಿಎಸ್‌ಪಿಯ ಬ್ಯಾಟರಿ ಉಬ್ಬಿ, ಹಿಂದಿನ ಮುಚ್ಚಳ ಕೂರುತ್ತಿಲ್ಲ. ಅದರ ಡಿಸ್ಕಿಗೆ ಯುಎಂಡಿ ಎನ್ನುತ್ತಾರೆ. ಅಂಗೈಗಿಂತ ಚಿಕ್ಕದು, ಪ್ಲಾಸ್ಟಿಕ್ ಕವಚದೊಳಗೇ ಇರುತ್ತದೆ. ಒಂದರ ಕವಚ ಅಂಟು ಬಿಟ್ಟು ಎರಡು ಹೋಳಾಗಿದೆ. ಇನ್ನು ಕೆಲವು ವರ್ಷಕ್ಕೆ ಓದುವ ಯಂತ್ರವೂ ಉಳಿಯದು.

ಗೇಮುಗಳನ್ನು ನಕಲು ಮಾಡಿಡಲು ಜಾಗದ ಚಿಂತೆ ಬೇಡ. ಯುಎಂಡಿ ಹಿಡಿಯುವುದು ಹೆಚ್ಚೆಂದರೆ 1.8 ಜಿಬಿ. ಸಾವಿರ ಡಿಸ್ಕ್‌ಗಳು ಪೂರ್ತಿ ತುಂಬಿದ್ದರೂ 1.8 ಟಿಬಿ, 2 ಟಿಬಿಯ ಒಂದು ಹಾರ್ಡ್ ಡಿಸ್ಕ್ ಸಾಕು. ಹಳೆಯ ಗೇಮ್ ಬಾಯ್‌ನ ‘ಟೆಟ್ರಿಸ್’ ಅಂತೂ ಬರೀ 32 ಕೆಬಿ. ಫೋನಿನಲ್ಲಿ ತೆಗೆದ ಒಂದು ಫೋಟೊ ಅದಕ್ಕಿಂತ ದೊಡ್ಡದು. ಆದರೆ ಒಂದೇ ಪ್ರತಿ ಇಟ್ಟರೆ ಇಟ್ಟ ಹಾಗಲ್ಲ. ಮೂರು ಬೇಕು, ಅದರಲ್ಲೊಂದು ಬೇರೆ ಕಟ್ಟಡದಲ್ಲಿ. ಫೈಲ್ ಕೆಟ್ಟಿಲ್ಲವೆಂದು ವರ್ಷಕ್ಕೊಮ್ಮೆ ತಾಳೆ ನೋಡಬೇಕು. ಖರ್ಚು ಇರುವುದು ಈ ನಿಗಾದಲ್ಲಿ, ಡಿಸ್ಕಿನಲ್ಲಲ್ಲ.

ತೊಡಕು ಕಾನೂನಿನದು. ಕೃತಿಯನ್ನು ಕಾಪಾಡಲು ಸಾರ್ವಜನಿಕ ಗ್ರಂಥಾಲಯ ಡಿಜಿಟಲ್ ಪ್ರತಿ ಇಟ್ಟುಕೊಳ್ಳಬಹುದು ಎಂದು ಹಕ್ಕುಸ್ವಾಮ್ಯ ಕಾಯ್ದೆಯ 52ನೇ ಕಲಮು ಹೇಳುತ್ತದೆ. ಷರತ್ತು ಏನೆಂದರೆ, ಡಿಜಿಟಲ್ ಅಲ್ಲದ ಪ್ರತಿ ಮೊದಲೇ ಗ್ರಂಥಾಲಯದಲ್ಲಿರಬೇಕು. ಹುಟ್ಟಿನಿಂದಲೇ ಡಿಜಿಟಲ್ ಆದ ಗೇಮಿಗೆ ಅಂಥ ಪ್ರತಿ ಎಲ್ಲಿಂದ ತರುವುದು? ಈ ಷರತ್ತು ಬದಲಾಗಲೇಬೇಕು. ಗ್ರಂಥಪಾಲಕರು ಕೇಳಿದರೆ ಸರ್ಕಾರ ಕಿವಿಗೊಡುತ್ತದೆ. ಆಟಗಾರರ ಮಾತನ್ನು ಮಕ್ಕಳಾಟವೆಂದು ತಳ್ಳಿಹಾಕುತ್ತಾರೆ.

ಕಾನೂನು ತಿದ್ದುವವರೆಗೆ ಮೂಲ ಡಿಸ್ಕ್‌ಗಳನ್ನಾದರೂ ದಾನವಾಗಿ ಪಡೆಯಿರಿ, ಪಟ್ಟಿಗೆ ಸೇರಿಸಿರಿ. ಓಲೆಗರಿ ಕಾಯ್ದವರಿಗೆ ಇದು ಹೊಸ ವಿದ್ಯೆಯೇನಲ್ಲ. ನನ್ನಲ್ಲಿರುವ ಡಿಸ್ಕ್‌ಗಳನ್ನೂ ಪಿಎಸ್‌ಪಿಯನ್ನೂ, ಬ್ಯಾಟರಿ ತೆಗೆದು, ನೀವು ಹೇಳಿದ ದಿನ ತಂದುಕೊಡುತ್ತೇನೆ.

ಇಂತಿ,
ತಾರ್ನಾಕದ ಓದುಗ